ಅತ್ತೆಯ ಮೂರನೇ ನಿಮಿಷ

ಮಾರ್ಚ್ ೪, ಮಂಗಳವಾರ

ಅತ್ತೆ ಆಸ್ಪತ್ರೆಯಲ್ಲಿದ್ದಾರೆ. ಲಕ್ವ ಹೊಡೆದಿದೆ. ಬಲಗೈ, ಬಲಗಾಲು ಸೋತಿವೆ, ಮಾತು ಪೂರ್ತಿ ಬಿದ್ದುಹೋಗಿದೆ. ಜೀವಕ್ಕೆ ಅಪಾಯವಿಲ್ಲ ಎಂದರು ಡಾಕ್ಟರು. ಇಷ್ಟು ಎಲ್ಲರಿಗೂ ಗೊತ್ತು. ಉಳಿದದ್ದು ನನಗೆ ಮತ್ತು ಅತ್ತೆಗೆ ಮಾತ್ರ ಗೊತ್ತು, ಅವರಿಗೆ ಈಗ ಬಾಯಿಲ್ಲ.

ಬೆಳಿಗ್ಗೆ ಅವರನ್ನು ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂರಿಸಿ ಎದುರಿಗೆ ಕ್ಯಾಮೆರಾ ಇಟ್ಟಿದ್ದೆ. ನನ್ನ ಸಾಕ್ಷ್ಯಚಿತ್ರದ ಕೊನೆಯ ಭಾಗ ಅದೊಂದೇ ಉಳಿದಿತ್ತು. ಬಾಯಿಂದಲೇ ಬದುಕಿದವರನ್ನು ಸುಮ್ಮನೆ ಕೂರಿಸಿ ನೋಡುವ ಚಿತ್ರ. ಮಾರುಕಟ್ಟೆಯ ಹರಾಜುಗಾರ ಖಾಲಿ ಕಟ್ಟೆಯ ಮೇಲೆ ಕೂತಿದ್ದಾನೆ, ರೈಲು ಬರುವುದನ್ನು ಸಾರುವವಳು ಮೈಕಿನ ಮುಂದೆ ಕೂತಿದ್ದಾಳೆ, ಮೇಷ್ಟ್ರು ಮಕ್ಕಳಿಲ್ಲದ ತರಗತಿಯಲ್ಲಿ ನಿಂತಿದ್ದಾರೆ. ಯಾರೂ ಮಾತಾಡುವುದಿಲ್ಲ. ನಾನೂ ಏನನ್ನೂ ಕೇಳುವುದಿಲ್ಲ, ವಿವರಿಸುವುದಿಲ್ಲ, ಸಂಗೀತ ಹಾಕುವುದಿಲ್ಲ. ಇಷ್ಟು ವರ್ಷದ ಕೆಲಸದಲ್ಲಿ ನಾನು ಕಂಡುಕೊಂಡದ್ದು ಇದು: ಮೊದಲ ನಿಮಿಷದ ಮುಖ ಕ್ಯಾಮೆರಾಕ್ಕಾಗಿ, ಎರಡನೇ ನಿಮಿಷದ್ದು ತನಗಾಗಿ, ಮೂರನೇ ನಿಮಿಷಕ್ಕೆ ಮುಖ ಕಳಚಿ ಬೀಳುತ್ತದೆ. ಆಗ ಸಿಗುವುದೇ ನಿಜ. ಅದಕ್ಕೆ ಕಾಯಬೇಕು, ಮಧ್ಯೆ ಕೈ ಹಾಕಬಾರದು.

ಅತ್ತೆ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಆಪರೇಟರ್ ಆಗಿದ್ದವರು. ಈಗಲೂ ಬಾಗಿಲು ತಟ್ಟಿದರೆ ಒಳಗಿನಿಂದ "ನಂಬರ್ ಪ್ಲೀಸ್" ಎನ್ನುತ್ತಾರೆ. ನಿದ್ದೆಯಲ್ಲಿ ಬಿಟ್ಟರೆ ಬಾಯಿ ಮುಚ್ಚಿದವರಲ್ಲ. ಇವತ್ತು ಕಪಾಟಿನಲ್ಲಿದ್ದ ಒಳ್ಳೆ ಬಟ್ಟೆ ತೆಗೆದು ಉಟ್ಟು, ಮುಖಕ್ಕೆ ಪೌಡರ್ ಬಳಿದು, ಕೆಲಸದಿಂದ ನಿವೃತ್ತರಾದಾಗ ತಂದಿಟ್ಟುಕೊಂಡಿದ್ದ ಹಳೆಯ ಹೆಡ್‌ಫೋನು ತಲೆಗೇರಿಸಿಕೊಂಡು ಕೂತರು. "ಚೆನ್ನಾಗಿ ಬರ್ತೀನೇನೇ? ಕೂದಲು ಸರಿಯಾಗಿದ್ಯಾ?" ಎಂದು ಕೇಳಿದರು. "ಎಲ್ಲ ಸರಿಯಾಗಿದೆ. ನಾನು ಕೈ ಎತ್ತೋ ತನಕ ಮಾತಾಡಬೇಡಿ, ಅಲ್ಲಾಡಬೇಡಿ ಅತ್ತೆ, ನಿಮ್ಮ ದಮ್ಮಯ್ಯ," ಎಂದೆ.

ಅವರು ಅಲ್ಲಾಡಲಿಲ್ಲ. ಸ್ವಲ್ಪ ಹೊತ್ತಿಗೆ ಬಲಗೈ ತೊಡೆಯಿಂದ ಜಾರಿತು. ತುಟಿಯ ಒಂದು ಬದಿ ಇಳಿಯಿತು. ಕಣ್ಣು ಎಲ್ಲೋ ನೆಟ್ಟಿತು. ನಾನು ನೋಡಿದೆ. ಎಲ್ಲವನ್ನೂ ನೋಡಿದೆ. ಮುಖ ಕಳಚಿತು, ಸಿಕ್ಕಿತು ಅಂದುಕೊಂಡೆ. ನನ್ನ ಮೈ ಜುಮ್ಮೆಂದಿತು.

ಕೈ ಎತ್ತಿದೆ. ಅತ್ತೆ ಹಾಗೇ ಕೂತಿದ್ದರು. ನನ್ನನ್ನು ಆಡಿಕೊಳ್ಳುವುದಕ್ಕೆ ಅತಿವಿಧೇಯತೆ ತೋರಿಸುತ್ತಿದ್ದಾರೆ ಅನ್ನಿಸಿತು, ಆ ಕುಚೇಷ್ಟೆ ಅವರದ್ದೇ. "ಹಾಗೇ ಇರಿ ಅತ್ತೆ, ಸೂಪರ್ ಆಗಿದೆ, ಇನ್ನೊಂದು ತಗೊಂಡುಬಿಡ್ತೀನಿ," ಎಂದು ಇನ್ನೊಂದು ತೆಗೆದೆ. ಅದು ಮುಗಿದ ಮೇಲೆ, ಪ್ರತಿ ಸಲದ ಹಾಗೆ, ಕೋಣೆಯ ಬರೀ ಸದ್ದನ್ನು ಹಿಡಿದುಕೊಳ್ಳಲು ಹೆಡ್‌ಫೋನು ಹಾಕಿ ಕಣ್ಣು ಮುಚ್ಚಿ ಕೂತೆ. ಕಣ್ಣು ಬಿಟ್ಟಾಗ ಅವರ ಗಲ್ಲದಿಂದ ಜೊಲ್ಲು ಇಳಿದು ಒಳ್ಳೆ ಬಟ್ಟೆ ಒದ್ದೆಯಾಗಿತ್ತು.

ಮಾರ್ಚ್ ೫, ಬುಧವಾರ

"ಯಾವಾಗ ಶುರುವಾಯ್ತು?" ಎಂದು ಡಾಕ್ಟರು ನಿನ್ನೆಯೇ ಕೇಳಿದ್ದರು. ಗೊತ್ತಿಲ್ಲ, ನಾನು ಅಡುಗೆಮನೆಯಲ್ಲಿದ್ದೆ, ಬಂದು ನೋಡಿದಾಗ ಹೀಗಿದ್ದರು ಎಂದುಬಿಟ್ಟಿದ್ದೆ. ಬಾಯಿಗೆ ಅದು ಹೇಗೆ ಬಂತೋ.

ಇವತ್ತು ನಮ್ಮ ಯಜಮಾನರು ಆಸ್ಪತ್ರೆಯ ಮೆಟ್ಟಿಲ ಮೇಲೆ ನನ್ನ ಕೈ ಹಿಡಿದುಕೊಂಡು, "ಸದ್ಯ, ನೀನು ಮನೇಲಿದ್ದೆ," ಎಂದರು. ಇವರು ಕೈ ಹಿಡಿದು ಮಾತಾಡುವವರಲ್ಲ.

ಮಾರ್ಚ್ ೮, ಶನಿವಾರ

ನಾದಿನಿ ಊರಿಂದ ಬಂದಳು. ಇಷ್ಟು ವರ್ಷ ಬಂದಾಗಲೆಲ್ಲ "ಅತ್ತಿಗೆ, ನಿಮ್ಮ ಸಿನಿಮಾದಲ್ಲಿ ಈ ಸಲವಾದ್ರೂ ಯಾರಾದ್ರೂ ಎದ್ದು ಓಡಾಡ್ತಾರಾ?" ಎಂದು ಕಾಲೆಳೆಯುತ್ತಿದ್ದವಳು. ಇವತ್ತು ವಾರ್ಡಿನ ಬಾಗಿಲಲ್ಲೇ ನನ್ನನ್ನು ತಬ್ಬಿಕೊಂಡು ಅತ್ತಳು. "ನೀವಿಲ್ಲದಿದ್ರೆ ಅಮ್ಮನ ಗತಿ ಏನಾಗ್ತಿತ್ತು ಅತ್ತಿಗೆ."

ಆಮೇಲೆ ಕಣ್ಣೊರೆಸಿಕೊಂಡು, "ಅಮ್ಮನ ಬಾಯಿ ಮುಚ್ಚಿಸೋಕೆ ಅಪ್ಪನ ಕೈಲೂ ಆಗಿರಲಿಲ್ಲ ನೋಡಿ," ಎಂದು ನಕ್ಕಳು. ಅವಳ ಜೊತೆ ನಾನೂ ನಗಬೇಕಾಯಿತು. ಮಂಚದ ಮೇಲಿಂದ ಅತ್ತೆ ನನ್ನನ್ನೇ ನೋಡುತ್ತಿದ್ದರು. ಆ ನೋಟದಲ್ಲಿ ಏನಿತ್ತು ಎಂದು ಹೇಳಲಾರೆ. ಮುಖಗಳನ್ನು ಓದುವುದು ನನ್ನ ಕಸುಬು ಎಂದು ಎಷ್ಟು ಸಂದರ್ಶನಗಳಲ್ಲಿ ಜಂಬ ಕೊಚ್ಚಿಕೊಂಡಿದ್ದೇನೆ.

ಮಾರ್ಚ್ ೧೨, ಬುಧವಾರ

ಮನೆಯಲ್ಲಿ ಯಾರೂ ಇರಲಿಲ್ಲ. ಆ ಎರಡೂ ಟೇಕ್‌ಗಳನ್ನು ಹಾಕಿ ನೋಡಿದೆ. ಅಳಿಸಿಹಾಕುವುದಕ್ಕೆಂದೇ ಕೂತಿದ್ದು.

ಕಿಟಕಿಯ ಬೆಳಕು ಹೆಡ್‌ಫೋನಿನ ಕರಿ ಪಟ್ಟಿಯ ಮೇಲೆ ಬಿದ್ದಿದೆ. ಮೊದಲು ಅತ್ತೆ ನಗು ತಡೆದುಕೊಂಡಿದ್ದಾರೆ, ಗಲ್ಲ ಉಬ್ಬಿದೆ. ನಿಧಾನಕ್ಕೆ ನಗು ಹೋಗುತ್ತದೆ. ಒಂದು ಯೋಚನೆ ಬಂದು ಹೋಗುತ್ತದೆ. ಆಮೇಲೆ ಅದು. ನಾನು ಇದುವರೆಗೆ ತೆಗೆದಿರುವುದರಲ್ಲೆಲ್ಲ ಇದಕ್ಕೆ ಸಾಟಿಯಾದದ್ದು ಇಲ್ಲ. ನೋಡುತ್ತಾ ಕೂತಾಗ ಒಂದು ಕ್ಷಣ ಇವರು ನನ್ನ ಅತ್ತೆ ಎನ್ನುವುದೇ ಮರೆತುಹೋಯಿತು. ಎಡಿಟಿಂಗಿನಲ್ಲಿ ಎಲ್ಲಿ ಇಡಬೇಕು ಎಂದು ಯೋಚಿಸುತ್ತಿದ್ದೆ.

ಅಳಿಸಲಿಲ್ಲ.

ಮಾರ್ಚ್ ೧೩, ಗುರುವಾರ

ನನ್ನ ಬಗ್ಗೆ ನನಗೇ ಅಸಹ್ಯವಾಗುತ್ತಿದೆ.

ಮಾರ್ಚ್ ೧೭, ಸೋಮವಾರ

ಅತ್ತೆಯನ್ನು ಮನೆಗೆ ಕರೆತಂದೆವು. ಹಾಲ್‌ನಲ್ಲೇ ಕಬ್ಬಿಣದ ಮಂಚ ಹಾಕಿ, ಕಿಟಕಿಯ ಪಕ್ಕದ ಕುರ್ಚಿಯನ್ನು ಒಳಗೆ ಸಾಗಿಸಿದ್ದೇನೆ. ಯಾಕೆ ಸಾಗಿಸಿದೆ ಎಂದು ಯಾರೂ ಕೇಳಲಿಲ್ಲ.

ಮಾತು ಕಲಿಸುವ ಮೇಡಂ ವಾರಕ್ಕೆ ಮೂರು ಸಲ ಬರುತ್ತಾರೆ. ದಪ್ಪ ಕನ್ನಡಕ, ಮೆತ್ತಗಿನ ಸ್ವರ. ಅತ್ತೆಗೆ ನಾವು ಹೇಳುವುದು ತಿಳಿಯುತ್ತದಂತೆ, ಆದರೆ ಹೇಳಬೇಕಾದ ಪದ ನಾಲಿಗೆಗೆ ಬರುವುದಿಲ್ಲವಂತೆ. "ದಿನವಿಡೀ ಅವರ ಜೊತೆ ಮಾತಾಡ್ತಾ ಇರಿ. ಮಾಡೋ ಕೆಲಸ ಎಲ್ಲ ಬಾಯಲ್ಲಿ ಹೇಳ್ತಾ ಮಾಡಿ. ಮನೆ ಸೈಲೆಂಟಾಗಿರಬಾರದು," ಎಂದರು. ಇವರು ನನ್ನ ಕಡೆ ನೋಡಿ, "ನಮ್ಮನೇಲಿ ಅದೊಂದೇ ಕಷ್ಟ ಮೇಡಂ, ಇವಳು ಬಾಯಲ್ಲಿ ನೀರು ತುಂಬ್ಕೊಂಡ ಹಾಗೆ ಇರ್ತಾಳೆ," ಎಂದರು.

"ಮಾತು ವಾಪಸ್ ಬರುತ್ತಾ?" ಎಂದು ಇವರೇ ಕೇಳಿದರು.

"ಬರಬಹುದು. ಮೊದಲು ಒಂದೆರಡು ಪದ. ಮನಸ್ಸಲ್ಲಿ ಬಹಳ ದಿನದಿಂದ ಕೊರೀತಿರೋದೇ ಮೊದಲು ಬಂದ್ರೂ ಬರಬಹುದು."

ಎಲ್ಲರ ಮುಖ ಅರಳಿತು. ಅತ್ತೆಗೆ ಮಾತು ಬರಲಿ ಎಂದು ಮನಸಾರೆ ಬೇಡಿಕೊಳ್ಳುತ್ತೇನೆ. ಬಂದ ದಿನ ಮೊದಲು ನನ್ನ ಹೆಸರೇ ಹೊರಗೆ ಬರುತ್ತದೆ ಎನ್ನುವುದೂ ಗೊತ್ತು.

ಮಾರ್ಚ್ ೨೧, ಶುಕ್ರವಾರ

ಕಿವಿಯಣ್ಣ ಫೋನ್ ಮಾಡಿದ. ನನ್ನ ಎಲ್ಲ ಚಿತ್ರಗಳ ಸದ್ದು ನೋಡಿಕೊಳ್ಳುವವನು, ಪಕ್ಕದ ಬೀದಿಯ ನಲ್ಲಿ ಸೋರಿದರೂ ಅವನಿಗೆ ಕೇಳುತ್ತದೆ, ಅದಕ್ಕೇ ಆ ಅಡ್ಡಹೆಸರು. ಅವತ್ತು ಶೂಟಿಂಗ್ ಮುಗಿದ ತಕ್ಷಣ ಎಲ್ಲ ಅವನಿಗೆ ಹೋಗುವ ಹಾಗೆ ವ್ಯವಸ್ಥೆ ಇತ್ತು, ಆಸ್ಪತ್ರೆಯ ಗಡಿಬಿಡಿಯಲ್ಲಿ ತಡೆಯಲು ಮರೆತಿದ್ದೆ.

"ಅಕ್ಕಾ, ಅಮ್ಮ ಹೇಗಿದಾರೆ? ಒಂದೇ ಒಂದು ಕೇಳ್ಬೇಕಿತ್ತು. ಕೋಣೆ ಸದ್ದು ತಗೊಂಡಿದೀರಲ್ಲ, ಅದರಲ್ಲಿ ಟೊಕ್ ಟೊಕ್ ಅಂತ ಬರ್ತಿದೆ. ಮೂರು ಸಲ, ಆಮೇಲೆ ಗ್ಯಾಪು, ಮತ್ತೆ ಮೂರು. ಗಡಿಯಾರ ಅಲ್ಲ. ತೆಗೆದುಹಾಕ್ಲಾ?"

ನನಗೆ ನೆನಪಾಯಿತು. ಅವತ್ತು ಕಣ್ಣು ಮುಚ್ಚಿ ಕೂತಾಗ ಅದು ನನಗೂ ಕೇಳಿಸಿತ್ತು. ಥೂ, ಟೇಕ್ ಹಾಳಾಗುತ್ತದಲ್ಲ ಎಂದು ಸಿಟ್ಟು ಬಂದಿತ್ತು. ಪೈಪಿನ ಸದ್ದು ಎಂದುಕೊಂಡು ಇನ್ನಷ್ಟು ಹೊತ್ತು ಕೂತಿದ್ದೆ.

"ತೆಗೀಬೇಡ," ಎಂದೆ. "ಯಾಕಕ್ಕಾ?" ಎಂದ. ಫೋನ್ ಇಟ್ಟೆ.

ಮಾರ್ಚ್ ೨೨, ಶನಿವಾರ

ಬೆಳಿಗ್ಗೆ ಅಡುಗೆಮನೆಯಲ್ಲಿದ್ದೆ, ಈ ಸಲ ನಿಜವಾಗಿಯೂ. ಹಾಲ್ ಕಡೆಯಿಂದ ಟೊಕ್ ಟೊಕ್ ಟೊಕ್. ಕೈಯಲ್ಲಿದ್ದ ಲೋಟ ಸಿಂಕಿಗೆ ಬಿತ್ತು.

ಅತ್ತೆ ಎಡಗೈಯ ಉಂಗುರವನ್ನು ಮಂಚದ ಕಂಬಿಗೆ ತಟ್ಟುತ್ತಿದ್ದರು. ದಿಂಬು ಜಾರಿತ್ತು, ಅಷ್ಟೇ. ಸರಿಮಾಡಿದೆ.

ಹಾಗಾದರೆ ಅವತ್ತೂ ಕರೆದಿದ್ದಾರೆ. ಮಾತಾಡಬೇಡಿ, ಅಲ್ಲಾಡಬೇಡಿ ಎಂದಿದ್ದೆನಲ್ಲ. ಬಾಯಿ ಹೋಗಿತ್ತು, ಬಲಗೈ ಹೋಗಿತ್ತು, ಉಳಿದ ಎಡಗೈಯ ಉಂಗುರದಿಂದ ಕುರ್ಚಿಯ ತೋಳು ತಟ್ಟಿ ಕರೆದಿದ್ದಾರೆ. ನಾನು ಅಲ್ಲೇ ಕಣ್ಣು ಮುಚ್ಚಿಕೊಂಡು ಕೂತಿದ್ದೆ. ಕಿವಿಗೆ ಒಳ್ಳೆಯ ಹೆಡ್‌ಫೋನು ಹಾಕಿಕೊಂಡು, ಗಮನವಿಟ್ಟು ಕೇಳಿಸಿಕೊಳ್ಳುತ್ತಾ ಕೂತಿದ್ದೆ.

ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಟುಕೊಂಡು ಅತ್ತುಬಿಟ್ಟೆ.

ಮಾರ್ಚ್ ೨೯, ಶನಿವಾರ

ಗಂಟಲು ಕೆರೆಯುತ್ತಿದೆ. ಧೂಳಿರಬೇಕು.

ಇವತ್ತು ಅತ್ತೆಗೆ ಎಷ್ಟೊಂದು ಸುದ್ದಿ ಒಪ್ಪಿಸಿದೆ. ಮೇಲಿನ ಮನೆಯಾಕೆ ಗಂಡನ ಷರ್ಟಿಗೆ ನೀಲಿ ಹಾಕಲು ಹೋಗಿ ಇಡೀ ಬಕೆಟ್ಟೇ ನೀಲಿ ಮಾಡಿಕೊಂಡಿದ್ದಾಳೆ. ಅವನು ಆಕಾಶದ ಬಣ್ಣದಲ್ಲಿ ಆಫೀಸಿಗೆ ಹೋಗುವುದನ್ನು ಕಿಟಕಿಯಿಂದ ತೋರಿಸಿದೆ. ಮೂಲೆ ಅಂಗಡಿಯವನು ಮೀಸೆ ತೆಗೆಸಿದ್ದಾನೆ, ಗಿರಾಕಿಗಳು "ನಿಮ್ಮಣ್ಣ ಎಲ್ಲಿ?" ಎಂದು ಅವನನ್ನೇ ಕೇಳುತ್ತಾರಂತೆ. ಇದು ನಿಜವೋ ನಾನೇ ಕಟ್ಟಿದ್ದೋ ಈಗ ನೆನಪಿಲ್ಲ. ಅತ್ತೆಯ ಎಡಗೆನ್ನೆ ಉಬ್ಬಿತು, ಹೊಟ್ಟೆ ಕುಣಿಯಿತು. ನಕ್ಕಾಗ ಎಂಥ ಸದ್ದು ಬರುತ್ತದೆಂದರೆ, ಹಳೇ ಸ್ಕೂಟರು ಶುರುವಾಗಲು ಒದ್ದಾಡಿದ ಹಾಗೆ. "ಅಯ್ಯೋ ಸಾಕು ಅತ್ತೆ, ಪಕ್ಕದ ಮನೆಯವರು ಬಂದಾರು," ಎಂದೆ. ಮತ್ತಷ್ಟು ನಕ್ಕರು.

ತಲೆ ಬಾಚುವಾಗ, ಬಟ್ಟೆ ಬದಲಿಸುವಾಗ, ಬಾಳೆಹಣ್ಣು ಕಿವುಚಿ ಬಾಯಿಗಿಡುವಾಗ, ಎಲ್ಲದಕ್ಕೂ ಒಂದೊಂದು ಮಾತು ಬೇಕು. ಮೊದಲ ದಿನ ಏನು ಹೇಳುವುದೆಂದು ತಿಳಿಯದೆ ಔಷಧದ ಬಾಟಲಿಯ ಮೇಲಿದ್ದದ್ದನ್ನೇ ಗಟ್ಟಿಯಾಗಿ ಓದಿದ್ದೆ. ಸಂಜೆ ಇವರು ಬಾಗಿಲು ತಟ್ಟಿದರು. ನಾನು ಒಳಗಿನಿಂದ "ನಂಬರ್ ಪ್ಲೀಸ್" ಎಂದೆ. ಬಾಗಿಲು ತೆಗೆದರೆ ಇವರು ಚಪ್ಪಲಿ ಬಿಚ್ಚುವ ನೆಪದಲ್ಲಿ ತಲೆ ತಗ್ಗಿಸಿಕೊಂಡು ನಿಂತಿದ್ದರು.

ಕ್ಯಾಮೆರಾದ ಚೀಲ ಎಲ್ಲಿಟ್ಟೆನೋ. ನಾಳೆ ಹುಡುಕಬೇಕು.

ಏಪ್ರಿಲ್ ೩, ಗುರುವಾರ

ಮೇಡಂ ನಾಲಿಗೆ ಎತ್ತುವ ಅಭ್ಯಾಸ ಮಾಡಿಸಿದರು. ಅತ್ತೆ ಕಷ್ಟಪಟ್ಟು "ಚ" ಎಂದರು. ಮತ್ತೆ "ಚ, ಚ." ಏನೋ ಹೇಳಲು ಹೊರಟು ಅಲ್ಲೇ ಸಿಕ್ಕಿಕೊಂಡಿತು. ಬೆವರು ಬಂತು. ನನ್ನ ಕಡೆ ಬೆರಳು ತೋರಿಸಿದರು.

"ನಿಮ್ಮ ಹತ್ರಾನೇ ಏನೋ ಹೇಳ್ಬೇಕಂತೆ," ಎಂದರು ಮೇಡಂ, ಖುಷಿಯಿಂದ.

ನಾನು ಚಹಾ ಮಾಡುವ ನೆಪದಲ್ಲಿ ಎದ್ದು ಒಳಗೆ ಹೋದೆ.

ಏಪ್ರಿಲ್ ೯, ಬುಧವಾರ

ಇದನ್ನು ಬರೆಯಲು ಕೈ ಬರುತ್ತಿಲ್ಲ.

ಸೋಮವಾರ ಮೇಡಂಗೆ ಫೋನ್ ಮಾಡಿ, ಅತ್ತೆಗೆ ಸುಸ್ತು, ಇವತ್ತು ಬೇಡ ಎಂದೆ. ಸುಸ್ತೇನೂ ಇರಲಿಲ್ಲ. ಇವತ್ತೂ ಹಾಗೇ ಹೇಳಿದೆ. ಈ ವಾರ ನಾದಿನಿ ಬರುವವಳಿದ್ದಳು, ಎಲ್ಲರ ಎದುರಿಗೆ ಆಗುವುದು ಬೇಡ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಒಂದು ವಾರ ಮುಂದಕ್ಕೆ ಹೋದರೆ ಏನಾಗಿಬಿಡುತ್ತದೆ ಎಂದೂ ಹೇಳಿಕೊಂಡೆ.

ಮೇಡಂ ಬರುವ ಹೊತ್ತಾಯಿತು. ಅತ್ತೆ ಎಡಗೈಯಿಂದಲೇ ಕೂದಲು ಸವರಿಕೊಂಡು, ದಿಂಬಿಗೆ ಒರಗಿ ನೇರವಾಗಿ ಕೂತರು. ಬಾಗಿಲ ಕಡೆ ನೋಡಿದರು. ಕಂಬಿ ತಟ್ಟಿದರು. "ಮೇಡಂಗೆ ಹುಷಾರಿಲ್ವಂತೆ ಅತ್ತೆ," ಎಂದೆ. ಅವರು ತಮ್ಮಷ್ಟಕ್ಕೆ ನಾಲಿಗೆ ಎತ್ತಿ "ಚ, ಚ" ಎಂದು ಅಭ್ಯಾಸ ಶುರುಮಾಡಿದರು.

ಅವತ್ತು ಗೊತ್ತಿಲ್ಲದೆ ಬಾಯಿ ಮುಚ್ಚಿಸಿದ್ದೆ. ಈ ವಾರ ಗೊತ್ತಿದ್ದೇ ಮುಚ್ಚಿಸಿದ್ದೇನೆ. ಮೇಡಂಗೆ ಫೋನ್ ಮಾಡಿ, ನಾಳೆಯೇ ಬನ್ನಿ, ಆದರೆ ದಿನಾ ಬನ್ನಿ ಎಂದೆ.

ಏಪ್ರಿಲ್ ೧೪, ಸೋಮವಾರ

ಚಿತ್ರೋತ್ಸವದವರು ನೆನಪಿಸಿದ್ದಾರೆ. ಕೊನೆಯ ಭಾಗ ಬಂದರೆ ಚಿತ್ರ ತೆಗೆದುಕೊಳ್ಳಲು ತಯಾರಂತೆ. ಉತ್ತರ ಕೊಟ್ಟಿಲ್ಲ.

ಇವರಿಗೆ ಹೇಳಿಬಿಡೋಣ ಎಂದು ಚಹಾ ಮಾಡಿಕೊಂಡು ಎದುರಿಗೆ ಕೂತೆ. "ಅವತ್ತು ಅಮ್ಮನ್ನ ಶೂಟ್ ಮಾಡ್ತಿದ್ದೆ," ಎಂದು ಶುರುಮಾಡಿದೆ. "ಗೊತ್ತು ಬಿಡು, ಒಳ್ಳೆ ಬಟ್ಟೆ ಹಾಕ್ಕೊಂಡಿದ್ಲಲ್ಲ, ಶೂಟಿಂಗ್ ಮಾಡೋಕೆ ಮೊದಲೇ ಹೀಗಾಯ್ತು. ಅಷ್ಟು ಆಸೆ ಇಟ್ಕೊಂಡಿದ್ಲು. ಹುಷಾರಾದ ಮೇಲೆ ತೆಗೀವಿಯಂತೆ," ಎಂದರು. ನನ್ನ ಕಪ್ಪಿಗೆ ಇನ್ನಷ್ಟು ಚಹಾ ಬಗ್ಗಿಸಿದರು. ಚಹಾ ಕುಡಿದು ಎದ್ದೆ. ಇಡೀ ದಿನ ವಟಗುಟ್ಟುವ ಬಾಯಿಗೆ ಇದೊಂದು ಮಾತಿಗೆ ಮಾತ್ರ ಬೀಗ ಬೀಳುತ್ತದೆ.

ಏಪ್ರಿಲ್ ೨೦, ಭಾನುವಾರ

ಮಧ್ಯಾಹ್ನ ಎಲ್ಲರೂ ಮನೆಯಲ್ಲಿದ್ದೆವು. ನಾದಿನಿ ಬಟ್ಟೆ ಮಡಿಸುತ್ತಿದ್ದಳು. ಇವರು ಅಮ್ಮನಿಗೆ ಸೂಪು ಕುಡಿಸುತ್ತಿದ್ದರು. ನಾನು ಅತ್ತೆಯ ಬಲಗೈ ತಿಕ್ಕುತ್ತಾ ಮೇಲಿನ ಮನೆಯ ಹೊಸ ರಾಮಾಯಣ ಒಪ್ಪಿಸುತ್ತಿದ್ದೆ.

ಅತ್ತೆ ಚಮಚವನ್ನು ಎಡಗೈಯಿಂದ ಸರಿಸಿದರು. ನನ್ನನ್ನೇ ನೋಡಿದರು. "ಚ," ಎಂದರು. ಮಡಿಸುತ್ತಿದ್ದ ಬಟ್ಟೆ ಕೈಯಲ್ಲೇ ಹಿಡಿದು ನಾದಿನಿ ಎದ್ದು ಬಂದಳು. "ಹೇಳಮ್ಮಾ, ಹೇಳು, ಹೇಳು."

ಓಡಿಹೋಗಬೇಕು ಅನ್ನಿಸಿತು. ಕೈ ಬಿಡಲಿಲ್ಲ.

"ಚೆ, ನ್ನಾ, ಗಿ," ಎಂದರು ಅತ್ತೆ. ಉಸಿರು ತೆಗೆದುಕೊಂಡರು. "ಬಂ, ತಾ?"

ನಾದಿನಿ ಕಿರುಚಿದಳು. ಇವರು ಸೂಪಿನ ಬಟ್ಟಲು ಹಿಡಿದುಕೊಂಡೇ ಅಳತೊಡಗಿದರು. ಅತ್ತೆ ಅವರ ಯಾರ ಕಡೆಯೂ ತಿರುಗಲಿಲ್ಲ. ಕಣ್ಣರಳಿಸಿ ನನ್ನನ್ನು ನೋಡುತ್ತಾ ಎಡಗೈಯನ್ನು ಕಿವಿಗೆ ಒಯ್ದು, ಅಲ್ಲಿ ಇಲ್ಲದ ಹೆಡ್‌ಫೋನನ್ನು ಸರಿಮಾಡಿಕೊಂಡು ತೋರಿಸಿದರು. ಇಷ್ಟು ದಿನ ಇದನ್ನು ಕೇಳುವುದಕ್ಕೆ ಒದ್ದಾಡುತ್ತಿದ್ದರು. ತಾನು ಚೆನ್ನಾಗಿ ಬಂದೆನೋ ಇಲ್ಲವೋ ಎಂದು.

ಸುಮ್ಮನೆ ಹೂಂ ಎಂದಿದ್ದರೆ ಮುಗಿದುಹೋಗುತ್ತಿತ್ತು. ಯಾರಿಗೂ ಏನೂ ತಿಳಿಯುತ್ತಿರಲಿಲ್ಲ.

"ಬಂತು ಅತ್ತೆ," ಎಂದೆ. "ತುಂಬಾ ಚೆನ್ನಾಗಿ ಬಂತು. ಅದಕ್ಕೇ ನಾನು ನಿಲ್ಲಿಸಲಿಲ್ಲ."

"ಏನು ನಿಲ್ಲಿಸಲಿಲ್ಲ?" ಎಂದರು ಇವರು.

ಹೇಳಿದೆ. ಜಾರಿದ ಕೈ, ಇಳಿದ ತುಟಿ, ಎರಡನೇ ಟೇಕು, ಕೋಣೆಯ ಸದ್ದು ಹಿಡಿಯುತ್ತಾ ಕಣ್ಣು ಮುಚ್ಚಿಕೊಂಡು ಕೂತದ್ದು, ಡಾಕ್ಟರಿಗೆ ಹೇಳಿದ ಸುಳ್ಳು, ಮೇಡಂ ಬರುವುದನ್ನು ತಪ್ಪಿಸಿದ್ದು. ಅತ್ತೆಯ ಬಲಗೈ ತಿಕ್ಕುತ್ತಲೇ ಹೇಳಿದೆ, ನಿಲ್ಲಿಸಿದರೆ ಮಾತೂ ನಿಂತುಹೋಗುತ್ತದೆ ಎಂದು ಭಯವಾಗಿತ್ತು. ನಾದಿನಿ ಬಾಯಿಗೆ ಬಟ್ಟೆ ಒತ್ತಿಕೊಂಡು ಒಳಗೆ ಹೋದಳು. ಇವರು ಬಟ್ಟಲು ಕೆಳಗಿಟ್ಟು ವರಾಂಡಕ್ಕೆ ಹೋಗಿ ನಿಂತರು. ಅತ್ತೆ ಇಬ್ಬರೂ ಹೋದ ಕಡೆ ನೋಡಿ, ನನ್ನನ್ನು ನೋಡಿ, ಏನೋ ಹೇಳಲು ಹೋದರು. ಅವರಿಗೆ ಇನ್ನೊಂದು ಪದ ಸಿಗಲಿಲ್ಲ. ಉಳಿದ ಸೂಪು ನಾನು ಕುಡಿಸಿದೆ.

ಏಪ್ರಿಲ್ ೨೧, ಸೋಮವಾರ

ಇವರು ನಿನ್ನೆಯಿಂದ ನನ್ನೊಡನೆ ಮಾತಾಡಿಲ್ಲ. ನಾದಿನಿ ಬೆಳಿಗ್ಗೆಯೇ ಹೊರಟಳು, "ಬರ್ತೀನಿ" ಎಂದದ್ದು ಅಮ್ಮನಿಗೆ ಮಾತ್ರ. ಚಿತ್ರೋತ್ಸವದವರಿಗೆ, ಚಿತ್ರ ಈ ಸಲ ಬರುವುದಿಲ್ಲ ಎಂದು ಬರೆದು ಕಳಿಸಿದೆ. ಹಾಗೆ ಬರೆದರೆ ಹಗುರವಾಗುತ್ತದೆ ಎಂದುಕೊಂಡಿದ್ದೆ. ಆಗಲಿಲ್ಲ.

ಸಂಜೆ ಇವರು ಆಫೀಸಿನಿಂದ ಬಂದು ಅಮ್ಮನ ಬಳಿ ಸ್ವಲ್ಪ ಹೊತ್ತು ಕೂತು, ನನ್ನ ಕೋಣೆಗೆ ಬಂದು, "ಹಾಕು, ನೋಡ್ತೀನಿ," ಎಂದರು.

ಹಾಕಿದೆ. ಅವರು ಕುರ್ಚಿಯಲ್ಲಿ ಕೂತರು, ನಾನು ಹಿಂದೆ ಗೋಡೆಗೊರಗಿ ನಿಂತೆ. ಅಮ್ಮ ನಗು ತಡೆದುಕೊಂಡಲ್ಲಿ ಅವರಿಗೂ ಸಣ್ಣಗೆ ನಗು ಬಂತು. ಕೈ ಜಾರಿದಾಗ ಕುರ್ಚಿಯ ಅಂಚು ಹಿಡಿದುಕೊಂಡರು. ಪೂರ್ತಿ ನೋಡಿದರು. "ಸದ್ದು ಮಾತ್ರ ಇರೋದೂ ಇದೆಯಲ್ಲ, ಅದನ್ನೂ ಹಾಕು." ಪರದೆ ಕಪ್ಪಾಯಿತು. ನಮ್ಮ ಹಾಲ್‌ನ ಸದ್ದು, ದೂರದಲ್ಲೊಂದು ಗಾಡಿ, ಆಮೇಲೆ ಟೊಕ್ ಟೊಕ್ ಟೊಕ್.

"ಇದೇನು?"

"ಅತ್ತೆ. ಕುರ್ಚಿ ತಟ್ಟಿ ನನ್ನ ಕರೀತಿದಾರೆ."

ಅವರು ತಿರುಗಿ ನನ್ನ ಮುಖ ನೋಡಿದರು. ಏನು ಹೇಳುವವರಿದ್ದರೋ, ಅಷ್ಟರಲ್ಲಿ ಹಾಲ್ ಕಡೆಯಿಂದ ಮತ್ತೆ ಅದೇ ಸದ್ದು ಬಂತು, ಈ ಸಲ ಕಂಬಿಯ ಮೇಲೆ ಉಂಗುರದ್ದು. ಇಬ್ಬರಿಗೂ ಒಟ್ಟಿಗೆ ಕೇಳಿಸಿತು. ಅವರು ಏಳುವಷ್ಟರಲ್ಲಿ ನಾನು ಬಾಗಿಲು ದಾಟಿ ಓಡಿದ್ದೆ. ಹೊಸ್ತಿಲಿಗೆ ಎಡವಿ ಮೊಣಕಾಲು ತರಚಿತು.

ಅತ್ತೆಗೆ ನೀರು ಬೇಕಿತ್ತು. ಕುಡಿಸಿದೆ.